14416ಕ್ಕೆ ಕರೆ ಮಾಡಿದ ಮೇಲೆ ಎಲ್ಲಿಗೆ? ಕನ್ನಡದಲ್ಲಿ ಸಿಗುವ ಕೌನ್ಸೆಲಿಂಗ್ ಸೇವೆಗಳ ವಿಮರ್ಶೆ

ಮನಸ್ಸಿನ ಕಷ್ಟಕ್ಕೆ ಮೊದಲು ಯಾರನ್ನು ಕೇಳಬೇಕು ಎಂಬ ಪ್ರಶ್ನೆಗೆ ಈಗ ನೇರ ಉತ್ತರ ಇದೆ: 14416. ಟೆಲಿ-ಮಾನಸ್ ಎಂಬ ಈ ಸಹಾಯವಾಣಿ 2022ರ ಅಕ್ಟೋಬರ್ 10ರಂದು ಶುರುವಾಯಿತು. ಬೆಂಗಳೂರಿನ ನಿಮ್ಹಾನ್ಸ್ ಇದರ ಮುಖ್ಯ ಕೇಂದ್ರ, ತಂತ್ರಜ್ಞಾನದ ಹೊಣೆ ಬೆಂಗಳೂರಿನದೇ ಆದ ಐಐಐಟಿಯದ್ದು. ಕರೆಗೆ ದುಡ್ಡಿಲ್ಲ, ರಾತ್ರಿ ಎರಡು ಗಂಟೆಗೂ ಮಾಡಬಹುದು, ಕನ್ನಡದಲ್ಲೇ ಮಾತಾಡಬಹುದು. ಲೈನ್ ಸಿಗದಿದ್ದರೆ 1800-891-4416. 2024ರ ಹೊತ್ತಿಗೆ ದೇಶದಾದ್ಯಂತ ಬಂದ ಕರೆಗಳು 10 ಲಕ್ಷ ದಾಟಿದ್ದವು. ಅದೇ ವರ್ಷ ಆ್ಯಪ್ ಕೂಡ ಬಂತು. ವಿಡಿಯೊ ಮೂಲಕ ನೋಡುವ ಸೌಲಭ್ಯ ಮೊದಲು ದೊರೆತ ರಾಜ್ಯಗಳಲ್ಲಿ ಕರ್ನಾಟಕವೂ ಒಂದು.

ಫೋನ್ ಎತ್ತುವ ಮೊದಲ ಅರ್ಧ ಗಂಟೆಯ ಮಟ್ಟಿಗೆ ಈ ಸೇವೆ ಗಟ್ಟಿಯಾಗಿದೆ. ಮುಂದಿನ ವಾರ ಯಾರ ಎದುರು ಕೂರಬೇಕು, ಅದರ ಮುಂದಿನ ತಿಂಗಳೂ ಅವರೇ ಸಿಗುತ್ತಾರೆಯೇ ಎಂಬಲ್ಲಿಗೆ ಬಂದಾಗ ದಾರಿ ಕಿರಿದಾಗುತ್ತದೆ. ತಪ್ಪು ಸಹಾಯವಾಣಿಯದ್ದಲ್ಲ. ಕೌನ್ಸೆಲಿಂಗ್ ಎಂಬ ವೃತ್ತಿಯೇ ನಮ್ಮಲ್ಲಿ ಇನ್ನೂ ಸರಿಯಾಗಿ ಕಟ್ಟಿಕೊಂಡಿಲ್ಲ.

ಮೊದಲು ಕರೆಯ ವಿಷಯ. ಭಾಷೆ ಆರಿಸಿದ ಮೇಲೆ ತರಬೇತಿ ಪಡೆದ ಕೌನ್ಸೆಲರ್ ಮಾತಿಗೆ ಬರುತ್ತಾರೆ. ಅವರ ಕೈಮೀರಿದ್ದು ಅನ್ನಿಸಿದರೆ ಮನೋವೈದ್ಯರು, ಮಾತಿನ ಚಿಕಿತ್ಸೆ ಕೊಡುವ ಕ್ಲಿನಿಕಲ್ ಸೈಕಾಲಜಿಸ್ಟ್ ಮುಂತಾದ ತಜ್ಞರಿಗೆ ದಾಟಿಸುತ್ತಾರೆ. ಎದುರಿಗೆ ಕೂತು ನೋಡಲೇಬೇಕು ಎಂದಾದರೆ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮದ ತಂಡಕ್ಕೋ ಹತ್ತಿರದ ಆಸ್ಪತ್ರೆಗೋ ಕಳಿಸುತ್ತಾರೆ. ಮಾತು ಫಲ ಕೊಡಬೇಕಾದರೆ ಕೆಲವು ಸಂಗತಿಗಳನ್ನು ಮೊದಲೇ ಕಾಗದದ ಮೇಲೆ ಬರೆದಿಟ್ಟುಕೊಳ್ಳಿ: ಕಷ್ಟ ಎಷ್ಟು ದಿನದಿಂದ ಇದೆ, ರಾತ್ರಿ ಎಷ್ಟು ಗಂಟೆ ನಿದ್ದೆ, ಊಟ ಕಡಿಮೆಯಾಗಿದೆಯೇ, ಕುಡಿತ ಇದೆಯೇ, ಹಿಂದೆ ಯಾವ ಚಿಕಿತ್ಸೆ ಆಗಿದೆ. ಮಾತ್ರೆ ತೆಗೆದುಕೊಳ್ಳುತ್ತಿದ್ದರೆ ಅದರ ಸ್ಟ್ರಿಪ್ ಕೈಯಲ್ಲೇ ಇರಲಿ. ಬಿಪಿ ಮಾತ್ರೆ, ಥೈರಾಯ್ಡ್ ಮಾತ್ರೆಯನ್ನೂ ಬಿಡದೆ ಹೇಳಿ. ಮನೆಯವರ ಕಿವಿಗೆ ಬೀಳದ ಜಾಗದಲ್ಲಿ ಕೂತು ಮಾಡಿ. ಪಕ್ಕದಲ್ಲಿ ಯಾರಾದರೂ ಇದ್ದಾಗ ಮಾಡಿದ ಕರೆಯಲ್ಲಿ ಮುಖ್ಯವಾದ ಮಾತು ಹೊರಬರುವುದೇ ಇಲ್ಲ. ಮಗ ಕೋಣೆಯಿಂದ ಹೊರಗೇ ಬರುತ್ತಿಲ್ಲ, ತಂಗಿ ಒಂದೇ ಸಮ ಅಳುತ್ತಿದ್ದಾಳೆ ಎಂದು ಮನೆಯವರೂ ಕರೆ ಮಾಡಿ ಕೇಳಬಹುದು.

ಕೆಲವು ಸಂದರ್ಭಗಳಲ್ಲಿ ಈ ನಂಬರ್ ಒತ್ತುತ್ತಾ ಕೂರಬಾರದು. ಯಾರಾದರೂ ಕ್ರಿಮಿನಾಶಕ ಕುಡಿದಿದ್ದರೆ ಅಥವಾ ಮಾತ್ರೆಗಳನ್ನು ಒಟ್ಟಿಗೆ ನುಂಗಿದ್ದರೆ ಮೊದಲು 108, ಇಲ್ಲವೇ ಸಿಕ್ಕ ಗಾಡಿಯಲ್ಲಿ ಆಸ್ಪತ್ರೆ. ಬಾಟಲಿ, ಸ್ಟ್ರಿಪ್ ಜೊತೆಗೆ ಒಯ್ಯಿರಿ, ವಾಂತಿ ಮಾಡಿಸಲು ಹೋಗಬೇಡಿ. ದಿನಾ ಕುಡಿಯುತ್ತಿದ್ದವರು ಥಟ್ಟನೆ ನಿಲ್ಲಿಸಿ ಎರಡು ಮೂರು ದಿನದಲ್ಲಿ ಕೈ ನಡುಗಿ, ಬೆವರಿ, ಇಲ್ಲದ್ದನ್ನು ಕಂಡಂತೆ ಮಾತಾಡತೊಡಗಿದರೆ ಅದು ಬುದ್ಧಿ ಹೇಳಿ ಸರಿಮಾಡುವ ಸಂಗತಿಯಲ್ಲ. ಫಿಟ್ಸ್ ಬರಬಹುದು, ಜೀವಕ್ಕೂ ಅಪಾಯ. ನೇರ ಆಸ್ಪತ್ರೆಯ ತುರ್ತು ವಿಭಾಗಕ್ಕೆ ಕರೆದೊಯ್ಯಬೇಕು. ಸಾಯಲು ಯತ್ನಿಸಿದ್ದಕ್ಕೆ ಕೇಸ್ ಆಗುತ್ತದೆ ಎಂಬ ಹೆದರಿಕೆಯಲ್ಲಿ ಆಸ್ಪತ್ರೆಗೆ ತಡಮಾಡುವ ಮನೆಗಳು ಇವತ್ತಿಗೂ ಇವೆ. 2017ರ ಮಾನಸಿಕ ಆರೋಗ್ಯ ಕಾಯ್ದೆಯ 115ನೇ ಸೆಕ್ಷನ್ ಅಂಥವರನ್ನು ತೀವ್ರ ಒತ್ತಡದಲ್ಲಿದ್ದವರೆಂದು ಭಾವಿಸಬೇಕು, ಶಿಕ್ಷಿಸಕೂಡದು, ಸರ್ಕಾರ ಅವರಿಗೆ ಆರೈಕೆ ಕೊಡಬೇಕು ಎನ್ನುತ್ತದೆ. ಈ ಮಾತು ಪ್ರತಿ ಊರಿಗೂ ತಲುಪಬೇಕು.

ಈಗ ಕರೆಯಾಚೆಗಿನ ಮಾತು. ವಾರವಾರ ಒಬ್ಬರೇ ವ್ಯಕ್ತಿಯ ಎದುರು ಮುಕ್ಕಾಲು ಗಂಟೆ ಕೂತು ತಿಂಗಳುಗಟ್ಟಲೆ ಮಾಡುವ ಕೆಲಸಕ್ಕೆ ಸಹಾಯವಾಣಿಯನ್ನು ಕಟ್ಟಿಲ್ಲ. ಅದಕ್ಕೆ ಊರಲ್ಲೇ ಒಬ್ಬ ಆಪ್ತಸಮಾಲೋಚಕರು ಬೇಕು. ಬೋರ್ಡುಗಳಿಗೆ ಕೊರತೆಯಿಲ್ಲ, ಆದರೆ ಬೋರ್ಡಿನ ಹಿಂದಿರುವ ಓದು ಏನೆಂದು ಹೊರಗಿನಿಂದ ಗೊತ್ತಾಗುವುದಿಲ್ಲ. ಮನೋವೈದ್ಯರೆಂದರೆ ಎಂಬಿಬಿಎಸ್ ಮುಗಿಸಿ ಸೈಕಿಯಾಟ್ರಿಯಲ್ಲಿ ಎಂಡಿ, ಡಿಎನ್‌ಬಿ ಅಥವಾ ಡಿಪಿಎಂ ಎಂಬ ಡಿಪ್ಲೊಮಾ ಮಾಡಿದವರು. ವೈದ್ಯಕೀಯ ಪರಿಷತ್ತಿನ ನೋಂದಣಿ ಸಂಖ್ಯೆ ಔಷಧ ಚೀಟಿಯ ಮೇಲೆ ಇರಬೇಕು. ಕ್ಲಿನಿಕಲ್ ಸೈಕಾಲಜಿಸ್ಟ್ ಎಂದು ಬರೆದುಕೊಳ್ಳುವವರು 1992ರ ಕಾಯ್ದೆಯಡಿ ಭಾರತೀಯ ಪುನರ್ವಸತಿ ಪರಿಷತ್ತಿನಲ್ಲಿ, ಅಂದರೆ ಆರ್‌ಸಿಐನಲ್ಲಿ ನೋಂದಾಯಿಸಿಕೊಂಡಿರಬೇಕು. ಆ ಸಂಖ್ಯೆಗೆ ಸಿಆರ್‌ಆರ್ ನಂಬರ್ ಎನ್ನುತ್ತಾರೆ. ಕೇಳಿ ಪಡೆದು ಆರ್‌ಸಿಐ ಜಾಲತಾಣದಲ್ಲಿ ಹೆಸರು ಹಾಕಿ ನೋಡಬಹುದು. ಕೊಡಲು ಹಿಂಜರಿದರೆ ಅಲ್ಲಿಂದ ಎದ್ದು ಬನ್ನಿ.

ಇನ್ನು ಬರೀ "ಕೌನ್ಸೆಲರ್" ಎಂದಿದ್ದರೆ? ಈ ಪದವನ್ನು ಎರಡು ವರ್ಷ ಎಂಎಸ್ಸಿ ಓದಿ, ಹಿರಿಯರ ಕೈಕೆಳಗೆ ನೂರಾರು ಗಂಟೆ ಕೆಲಸ ಕಲಿತವರೂ ಬಳಸುತ್ತಾರೆ, ಎರಡು ದಿನದ ಆನ್‌ಲೈನ್ ಕೋರ್ಸಿನ ಸರ್ಟಿಫಿಕೇಟ್ ಹಿಡಿದವರೂ ಬಳಸುತ್ತಾರೆ. 2017ರ ಕಾಯ್ದೆ ಮನೋವೈದ್ಯರು, ಕ್ಲಿನಿಕಲ್ ಸೈಕಾಲಜಿಸ್ಟ್, ಮನೋವೈದ್ಯಕೀಯ ಸಮಾಜ ಕಾರ್ಯಕರ್ತರು, ಮಾನಸಿಕ ಆರೋಗ್ಯದ ನರ್ಸ್‌ಗಳನ್ನು ಹೆಸರಿಸುತ್ತದೆ; ಕೌನ್ಸೆಲರ್‌ಗೆ ಅಲ್ಲಿ ಪ್ರತ್ಯೇಕ ಜಾಗವಿಲ್ಲ. 2021ರಲ್ಲಿ ಬಂದ ಅಲೈಡ್ ಮತ್ತು ಹೆಲ್ತ್‌ಕೇರ್ ವೃತ್ತಿಗಳ ರಾಷ್ಟ್ರೀಯ ಆಯೋಗದ ಕಾಯ್ದೆ ಕೌನ್ಸೆಲರ್‌ಗಳನ್ನೂ ಸೈಕಾಲಜಿಸ್ಟ್‌ಗಳನ್ನೂ ತನ್ನ ಅನುಸೂಚಿಗೆ ಸೇರಿಸಿಕೊಂಡಿತು, ರಾಜ್ಯ ಮಂಡಳಿಗಳ ಮೂಲಕ ನೋಂದಣಿ ಎಂದಿತು. ಆದರೆ ಜನ ಹೆಸರು ಹುಡುಕಿ ನೋಡಬಲ್ಲಂಥ ಪಟ್ಟಿಯಾಗುವ ಕೆಲಸ ತೆವಳುತ್ತಾ ಸಾಗಿದೆ. ಮನೋವಿಜ್ಞಾನದ ಕೋರ್ಸುಗಳನ್ನು ದೂರಶಿಕ್ಷಣದಲ್ಲಿ ಮತ್ತು ಆನ್‌ಲೈನಿನಲ್ಲಿ ಕೊಡುವುದನ್ನು 2025ರ ಜುಲೈ-ಆಗಸ್ಟ್ ಪ್ರವೇಶದಿಂದ ಯುಜಿಸಿ ನಿಲ್ಲಿಸಿದ್ದು ಸರಿಯಾದ ಹೆಜ್ಜೆ. ಎದುರಿಗಿರುವವರ ಮುಖ ನೋಡದೆ ಕಲಿಯುವ ವಿದ್ಯೆ ಇದಲ್ಲ. ಹಾಗೆಂದು ಈ ಮೊದಲು ದೂರಶಿಕ್ಷಣದಲ್ಲಿ ಓದಿದವರೆಲ್ಲ ಕಳಪೆ ಎಂದು ತಳ್ಳಿಹಾಕುವುದೂ ತಪ್ಪು. ಓದಿನ ನಂತರ ಯಾರ ಕೈಕೆಳಗೆ, ಎಷ್ಟು ಕಾಲ ಕಲಿತರು ಎಂಬುದೇ ಅಳತೆಗೋಲು.

ಆದ್ದರಿಂದ ದುಡ್ಡು ಕಟ್ಟುವ ಮೊದಲು ಫೋನಿನಲ್ಲೇ ನಾಲ್ಕು ಪ್ರಶ್ನೆ ಕೇಳಿ. ಏನು ಓದಿದ್ದೀರಿ, ಎಲ್ಲಿ? ನಿಮ್ಮ ಕೇಸುಗಳನ್ನು ಪರಿಶೀಲಿಸುವ ಹಿರಿಯರು ಇದ್ದಾರೆಯೇ? ಔಷಧ ಬೇಕಾದರೆ ಯಾವ ಮನೋವೈದ್ಯರ ಬಳಿ ಕಳಿಸುತ್ತೀರಿ? ನಮ್ಮಂಥ ತೊಂದರೆಯವರನ್ನು ಮೊದಲು ನೋಡಿದ್ದೀರಾ? ಒಳ್ಳೆಯವರು ಈ ಪ್ರಶ್ನೆಗಳಿಗೆ ಮುನಿಸಿಕೊಳ್ಳುವುದಿಲ್ಲ. ಮೂರನೆಯದಕ್ಕೆ "ನಮ್ಮಲ್ಲಿ ಮಾತ್ರೆ ಬೇಕಾಗುವುದೇ ಇಲ್ಲ" ಎಂಬ ಉತ್ತರ ಬಂದರೆ ಅಲ್ಲಿಗೆ ಹೋಗಲೇಬೇಡಿ. ಯಾರೋ ಮಾತಾಡಿದಂತೆ ಕಿವಿಯಲ್ಲಿ ಕೇಳಿಸುವುದು, ಎಲ್ಲರೂ ತನ್ನ ವಿರುದ್ಧ ಸಂಚು ಮಾಡುತ್ತಿದ್ದಾರೆಂಬ ಗಟ್ಟಿ ನಂಬಿಕೆ, ದಿನಗಟ್ಟಲೆ ನಿದ್ದೆಯಿಲ್ಲದೆಯೂ ದಣಿಯದ ಅತಿ ಉತ್ಸಾಹ, ಇವಕ್ಕೆ ಮೊದಲು ವೈದ್ಯರು ಬೇಕು. ಇಂಥವರನ್ನು ಆರು ತಿಂಗಳು ಬರೀ ಮಾತಿನಲ್ಲಿ ಕಳೆದು, ಕೈಮೀರಿದ ಮೇಲೆ ಆಸ್ಪತ್ರೆಗೆ ಕಳಿಸುವುದು ಈ ಕ್ಷೇತ್ರದ ಅತಿ ದೊಡ್ಡ ಅನ್ಯಾಯ. ಸುಸ್ತು, ಮಂಕು, ತೂಕ ಏರಿಕೆ ಎಂದು ಬಂದವರಿಗೆ ಥೈರಾಯ್ಡ್, ಬಿ12 ರಕ್ತಪರೀಕ್ಷೆ ಆಗಿದೆಯೇ ಎಂದು ಕೇಳದ ಕೌನ್ಸೆಲರ್ ಕೂಡ ಅರ್ಧ ಕೆಲಸವನ್ನೇ ಮಾಡುತ್ತಿದ್ದಾರೆ.

ಮೊದಲ ಸೆಷನ್ನಿನಲ್ಲಿ ಏನಾಗಬೇಕು? ಒಪ್ಪಿಗೆ ಪತ್ರ ಕೊಟ್ಟು ಓದಿ ಹೇಳಬೇಕು. ಗೋಪ್ಯತೆಗೆ ಎಲ್ಲಿ ಮಿತಿ ಎಂಬುದನ್ನು ಬಾಯಿಬಿಟ್ಟು ತಿಳಿಸಬೇಕು: ಜೀವಕ್ಕೆ ಅಪಾಯವಿದ್ದರೆ ಮನೆಯವರಿಗೆ ಹೇಳಬೇಕಾಗುತ್ತದೆ, ಹದಿನೆಂಟು ತುಂಬದ ಮಕ್ಕಳ ಮೇಲೆ ಲೈಂಗಿಕ ದೌರ್ಜನ್ಯ ನಡೆದ ವಿಷಯ ತಿಳಿದರೆ ಪೋಕ್ಸೊ ಕಾಯ್ದೆಯ 19ನೇ ಸೆಕ್ಷನ್ ಪ್ರಕಾರ ಪೊಲೀಸರಿಗೆ ತಿಳಿಸಲೇಬೇಕು. ಇದನ್ನು ಮೊದಲೇ ಹೇಳದೆ ಆಮೇಲೆ ವರದಿ ಮಾಡಿದರೆ ಆ ಮಗು ಮತ್ತೆ ಯಾರನ್ನೂ ನಂಬುವುದಿಲ್ಲ. ಸಾಯುವ ಯೋಚನೆ ಬರುತ್ತದೆಯೇ ಎಂದು ನೇರವಾಗಿ ಕೇಳಬೇಕು. ಹಾಗೆ ಕೇಳುವುದರಿಂದ ಆ ಯೋಚನೆ ಹುಟ್ಟುವುದಿಲ್ಲ. ಖಿನ್ನತೆಯನ್ನು ಅಳೆಯುವ ಪಿಎಚ್‌ಕ್ಯೂ-9 ಎಂಬ ಪ್ರಶ್ನಾವಳಿ ಕೊಡಬಹುದು. ಹಿಂದಿನ ಎರಡು ವಾರದ ಬಗ್ಗೆ ಒಂಬತ್ತು ಪ್ರಶ್ನೆ, ಪ್ರತಿಯೊಂದಕ್ಕೂ 0ಯಿಂದ 3 ಅಂಕ, ಒಟ್ಟು 27. ಹತ್ತು ಅಥವಾ ಅದಕ್ಕಿಂತ ಹೆಚ್ಚು ಬಂದರೆ ಕೂಲಂಕಷವಾಗಿ ನೋಡಬೇಕು ಎಂದರ್ಥ. ಅವಸರದಲ್ಲಿ ಒಟ್ಟು ಅಂಕವನ್ನಷ್ಟೇ ನೋಡುವವರು ಎಡವುವುದು ಇಲ್ಲೇ: ಒಟ್ಟು 6 ಬಂದಿರಬಹುದು, ಆದರೆ ಸಾವಿನ ಯೋಚನೆ ಕುರಿತ ಒಂಬತ್ತನೆಯ ಪ್ರಶ್ನೆಗೆ 1 ಬಿದ್ದಿದ್ದರೂ ಆ ದಿನದ ಮಾತುಕತೆ ಅಲ್ಲಿಂದಲೇ ಶುರುವಾಗಬೇಕು.

ಇದೇ ಜಾಗದಲ್ಲಿ ಕನ್ನಡದ ಪ್ರಶ್ನೆಯೂ ಏಳುತ್ತದೆ. "ಖಿನ್ನತೆ" ಪತ್ರಿಕೆಯ ಪದ, ಬಾಯಿಮಾತಿನದಲ್ಲ. ಖಿನ್ನತೆ ಇದೆಯೇ ಎಂದು ಕೇಳಿದರೆ ಹಳ್ಳಿಯ ತಾಯಿ ಇಲ್ಲ ಎನ್ನುತ್ತಾರೆ. ಅವರೇ ಎದೆ ಭಾರ, ಕೈಕಾಲು ಸೋಲು, ಉಂಡದ್ದು ಮೈಗೆ ಹತ್ತುತ್ತಿಲ್ಲ ಎಂದು ಹೇಳಿಕೊಳ್ಳುತ್ತಾರೆ. ಧಾರವಾಡದ ಕಡೆ "ಜೀವಾ ಬ್ಯಾಸರಾಗೇತ್ರಿ" ಎಂಬ ಮಾತು ಬಂದರೆ ಅದು ಸುಮ್ಮನೆ ಬೋರಾಗಿದೆ ಎಂದೂ ಇರಬಹುದು, ಬದುಕೇ ಬೇಡವಾಗಿದೆ ಎಂದೂ ಇರಬಹುದು. ಯಾವುದೆಂದು ಬಿಡಿಸಿ ಕೇಳಲು ಆ ಸೀಮೆಯ ಕಿವಿ ಬೇಕು. ಇಂಗ್ಲಿಷಿನಲ್ಲಿ ಕಲಿತು ಇಂಗ್ಲಿಷಿನಲ್ಲೇ ಟಿಪ್ಪಣಿ ಬರೆಯುವ ಕೌನ್ಸೆಲರ್‌ಗಳು ಇಲ್ಲಿ ತಡವರಿಸುತ್ತಾರೆ. ಫೀಸಿಗಿಂತ ಮೊದಲು ನಾವು ನೋಡುವುದು ಇದನ್ನೇ.

ಫೀಸಿನ ಲೆಕ್ಕವೂ ಸಣ್ಣದಲ್ಲ. ಬೆಂಗಳೂರಿನಲ್ಲಿ ಒಂದು ಸೆಷನ್‌ಗೆ ಸಾವಿರದಿಂದ ಮೂರು ಸಾವಿರದವರೆಗೆ ಕೇಳುವುದು ಸಾಮಾನ್ಯ. ಯೋಚನೆ ಮತ್ತು ನಡವಳಿಕೆ ತಿದ್ದುವ ಸಿಬಿಟಿ ಮಾದರಿಗೆ ಹೆಚ್ಚಾಗಿ 12ರಿಂದ 20 ಸೆಷನ್ ಹಿಡಿಯುತ್ತದೆ. 1,500ರಂತೆ ಹನ್ನೆರಡಕ್ಕೇ 18,000 ರೂಪಾಯಿ. ಹತ್ತು ಸೆಷನ್‌ನ ಪ್ಯಾಕೇಜಿಗೆ ಮುಂಗಡ ಕಟ್ಟಬೇಡಿ. ಇವರು ನಮಗೆ ಒಗ್ಗುತ್ತಾರೋ ಇಲ್ಲವೋ ಎಂದು ತಿಳಿಯಲು ಮೂರು ಭೇಟಿಯಾದರೂ ಬೇಕು, ಮುಂಗಡ ಕಟ್ಟಿದವರು ಒಗ್ಗದಿದ್ದರೂ ಹೋಗುತ್ತಲೇ ಇರುತ್ತಾರೆ. ಆ್ಯಪ್‌ಗಳಲ್ಲಿ ಬರೀ ಚಾಟ್ ಮೂಲಕ ನಡೆಯುವ ಸೇವೆ ನಿದ್ದೆಯ ಶಿಸ್ತು, ಪರೀಕ್ಷೆಯ ಭಯದಂಥವಕ್ಕೆ ಸಾಕಾದೀತು, ಅದಕ್ಕಿಂತ ಆಳದ್ದಕ್ಕೆ ಸಾಲದು.

ದುಡ್ಡಿಲ್ಲದವರಿಗೆ ಸರ್ಕಾರಿ ದಾರಿ ಇದೆ, ಅದನ್ನು ಕಡೆಗಣಿಸಬೇಡಿ. ಇಡೀ ದೇಶದ ಜಿಲ್ಲಾ ಮಾನಸಿಕ ಆರೋಗ್ಯ ಕಾರ್ಯಕ್ರಮಕ್ಕೆ ಮಾದರಿಯಾದದ್ದು 1980ರ ದಶಕದಲ್ಲಿ ನಿಮ್ಹಾನ್ಸ್ ಬಳ್ಳಾರಿ ಜಿಲ್ಲೆಯಲ್ಲಿ ಮಾಡಿ ತೋರಿಸಿದ ಕೆಲಸ. 1996ರಲ್ಲಿ ಅದು ರಾಷ್ಟ್ರೀಯ ಯೋಜನೆಯಾಯಿತು. ಕರ್ನಾಟಕದಲ್ಲಿ ಮನೋಚೈತನ್ಯ ಹೆಸರಿನಡಿ ತಾಲೂಕು ಆಸ್ಪತ್ರೆಗಳಿಗೆ ಮಂಗಳವಾರ ಮನೋವೈದ್ಯರು ಬರುವ ಏರ್ಪಾಡಿದೆ. ಯಾವ ಮಂಗಳವಾರ, ಎಷ್ಟು ಹೊತ್ತಿಗೆ ಎಂದು ಆಸ್ಪತ್ರೆಯಲ್ಲಿ ವಿಚಾರಿಸಿಕೊಂಡೇ ಹೊರಡಿ. ಆಧಾರ್, ಹಳೆಯ ಚೀಟಿಗಳು, ಜೊತೆಗೊಬ್ಬರು ಇರಲಿ. ಅಲ್ಲಿ ವೈದ್ಯರು ಒಬ್ಬರಿಗೆ ಕೊಡಬಲ್ಲ ಸಮಯ ಕೆಲವೇ ನಿಮಿಷ: ರೋಗ ಗುರುತಿಸಲು, ಮಾತ್ರೆ ಬರೆಯಲು ಅದು ಸಾಕು, ಮನಸ್ಸು ಬಿಚ್ಚಲು ಸಾಲದು. ಅದಕ್ಕೆ ಜಿಲ್ಲಾ ತಂಡದ ಸೈಕಾಲಜಿಸ್ಟ್ ಅಥವಾ ಸಮಾಜ ಕಾರ್ಯಕರ್ತರನ್ನು ಹೆಸರು ಹಿಡಿದು ಕೇಳಿ. ಹದಿಹರೆಯದವರಿಗೆ ಸ್ನೇಹ ಕ್ಲಿನಿಕ್, ಎಚ್‌ಐವಿ ಕುರಿತು ಪರೀಕ್ಷೆ ಮತ್ತು ಸಲಹೆ ಕೊಡುವ ಐಸಿಟಿಸಿ ಕೇಂದ್ರಗಳಲ್ಲೂ ಆಪ್ತಸಮಾಲೋಚಕರಿದ್ದಾರೆ. ಇವರಲ್ಲಿ ಹೆಚ್ಚಿನವರದು ಗುತ್ತಿಗೆ ನೌಕರಿ. ದಿನವಿಡೀ ಇನ್ನೊಬ್ಬರ ಸಂಕಟ ಕೇಳುವವರು ತಮ್ಮ ಗುತ್ತಿಗೆ ಮುಂದುವರಿಯುತ್ತದೆಯೇ ಎಂಬ ಚಿಂತೆಯಲ್ಲೇ ಕೂತಿರುತ್ತಾರೆ. ಅನುಭವ ಕೂಡಿದ ಹೊತ್ತಿಗೆ ಬಿಟ್ಟು ಹೋಗುತ್ತಾರೆ, ಜನ ಮತ್ತೆ ಹೊಸಬರಿಗೆ ಮೊದಲಿನಿಂದ ಕಥೆ ಹೇಳಬೇಕು. 2015-16ರ ರಾಷ್ಟ್ರೀಯ ಮಾನಸಿಕ ಆರೋಗ್ಯ ಸಮೀಕ್ಷೆ ವಯಸ್ಕರಲ್ಲಿ ಶೇ. 10.6ರಷ್ಟು ಜನರಿಗೆ ಮಾನಸಿಕ ಕಾಯಿಲೆ ಇದೆ ಎಂದು ಕಂಡುಕೊಂಡಿತ್ತು. ಅಷ್ಟು ಜನರನ್ನು ಹೊರುವ ಕೆಲಸಕ್ಕೆ ಕಾಯಂ ಹುದ್ದೆಗಳೇ ಬೇಕು.

ಯಾರ ಬಳಿ ಹೋದರೂ, ನಿಲ್ಲಿಸುವ ದಿನ ಅಥವಾ ಅವರು ವರ್ಗವಾಗುವ ಮೊದಲು, ಒಂದು ಪುಟದ ಸಾರಾಂಶ ಬರೆಸಿಕೊಳ್ಳಿ. ಯಾವ ತೊಂದರೆಗೆ ಬಂದದ್ದು, ಎಷ್ಟು ಸೆಷನ್ ಆಯಿತು, ಯಾವ ವಿಧಾನ ಬಳಸಿದರು, ಪ್ರಶ್ನಾವಳಿಯ ಮೊದಲ ಮತ್ತು ಕೊನೆಯ ಅಂಕ ಎಷ್ಟು, ಯಾವ ಮಾತ್ರೆ ಯಾವಾಗಿನಿಂದ, ಅಪಾಯದ ಸೂಚನೆ ಯಾವಾಗ ಕಂಡಿತ್ತು. ಆಸ್ಪತ್ರೆಯ ಚಿಕಿತ್ಸೆಯಾದರೆ ದಾಖಲೆ ಕೇಳುವ ಹಕ್ಕು 2017ರ ಕಾಯ್ದೆಯ 25ನೇ ಸೆಕ್ಷನ್ನಿನಲ್ಲೇ ಇದೆ. ಆ ಹಾಳೆ ಫೈಲಿನಲ್ಲಿದ್ದರೆ ಮುಂದಿನವರು ಹದಿಮೂರನೆಯ ಸೆಷನ್ನಿನಿಂದ ಮುಂದುವರಿಸಬಹುದು.