ಅಗರ್ ಅಗರ್ ಪುಡಿ: ಸಿಹಿಕುಂಬಳದ ಪನ್ನಾ ಕೋಟಾಗೆ ಒಳ್ಳೆಯದು, ಅಳತೆ ತಪ್ಪಿದರೆ ರಬ್ಬರ್

ಪನ್ನಾ ಕೋಟಾ ಇಟಲಿಯ ಸಿಹಿತಿನಿಸು. ಕೆನೆ, ಸಕ್ಕರೆ, ಹೆಪ್ಪುಗಟ್ಟಿಸುವ ಜೆಲಟಿನ್ ಸೇರಿದರೆ ಮುಗಿಯಿತು. ಆದರೆ ಜೆಲಟಿನ್ ಬರುವುದು ಪ್ರಾಣಿಗಳ ಚರ್ಮ, ಮೂಳೆಯಿಂದ. ಸಸ್ಯಾಹಾರಿಗಳಿಗೆ ಅದು ಆಗದು, ಹಾಲು ಒಗ್ಗದವರಿಗೆ ಕೆನೆ ಆಗದು. ಜಪಾನಿನವರು ಕಾಂಟೆನ್ ಎನ್ನುವ, ಚೈನಾ ಗ್ರಾಸ್ ಎಂದರೆ ಹೆಚ್ಚು ಜನಕ್ಕೆ ಗೊತ್ತಾಗುವ ಅಗರ್ ಅಗರ್ ಇಲ್ಲಿ ನೆರವಿಗೆ ಬರುತ್ತದೆ. ಕೆಂಪು ಕಡಲಪಾಚಿಯಿಂದ ತೆಗೆದದ್ದು. ಶರತ್ಕಾಲದ ಸಿಹಿಕುಂಬಳ, ತೆಂಗಿನಕಾಯಿ ಹಾಲು, ಚಕ್ಕೆ, ಜಾಯಿಕಾಯಿ ಜೊತೆಗೆ ಹಾಕಿದರೆ ಮೊಟ್ಟೆ, ಹಾಲು, ಗೋಧಿ ಮೂರೂ ಇಲ್ಲದ ಸಿಹಿ ತಯಾರು.

ಕೊಳ್ಳುವಾಗ ಪುಡಿಯನ್ನೇ ಕೊಳ್ಳಿ. ಎಳೆ, ತೆಳು ಚೂರಿನ ರೂಪದ್ದು ನೆನೆಯಲು, ಕರಗಲು ಹೊತ್ತು ಹಿಡಿಯುತ್ತದೆ, ಚಮಚದಲ್ಲಿ ಅಳೆದರೆ ಲೆಕ್ಕವೂ ಬೇರೆ. ಪೊಟ್ಟಣದ ಹಿಂಬದಿ ಓದದೆ ತರಬೇಡಿ: ಕೆಲವು ಚೈನಾ ಗ್ರಾಸ್ ಪೊಟ್ಟಣಗಳಲ್ಲಿ ಸಕ್ಕರೆ, ಬಣ್ಣ, ಪರಿಮಳ ಬೆರೆತಿರುತ್ತದೆ, ಆಗ ಕೆಳಗಿನ ಅಳತೆ ಕೆಲಸಕ್ಕೆ ಬಾರದು. ಜೆಲ್ ಶಕ್ತಿ, ಅಂದರೆ ಎಷ್ಟು ಗಟ್ಟಿಯಾಗಿ ಹೆಪ್ಪುಗಟ್ಟುತ್ತದೆ ಎಂಬ ಅಂಕಿ, ಬರೆದಿದ್ದರೆ ಒಳ್ಳೆಯದು. ಇಲ್ಲಿನ ಲೆಕ್ಕ 900ರ ಆಸುಪಾಸಿನ ಪುಡಿಗೆ.

ಆರು ಬಟ್ಟಲಿಗೆ: ತೆಂಗಿನಕಾಯಿ ಹಾಲು 400 ಮಿ.ಲೀ., ಬೇಯಿಸಿ ನುಣ್ಣಗೆ ರುಬ್ಬಿದ ಕುಂಬಳ 250 ಗ್ರಾಂ, ನೀರು 150 ಮಿ.ಲೀ., ಬ್ರೌನ್ ಶುಗರ್ 70 ಗ್ರಾಂ, ಅಗರ್ 3.5 ಗ್ರಾಂ, ಚಕ್ಕೆ ಪುಡಿ ಅರ್ಧ ಟೀ ಚಮಚ, ಜಾಯಿಕಾಯಿ, ಉಪ್ಪು ಚಿಟಿಕೆ ಚಿಟಿಕೆ. 3.5 ಗ್ರಾಂ ಅಂದರೆ ಸುಮಾರು 0.4 ಶೇಕಡಾ. ಇದು 8 ಗ್ರಾಂ ಆದರೆ ಚಾಕುವಿನಲ್ಲಿ ಕತ್ತರಿಸುವ ಗಟ್ಟಿ ಬರ್ಫಿಯಾಗುತ್ತದೆ. 0.1 ಗ್ರಾಂ ತೋರಿಸುವ ತಕ್ಕಡಿ ಇಲ್ಲದೆ ಈ ಕೆಲಸಕ್ಕೆ ಇಳಿಯದಿರುವುದೇ ಮೇಲು.

ಕುಂಬಳ ಕುದಿಸಿದ್ದಕ್ಕಿಂತ ಓವನ್‌ನಲ್ಲಿ ಸುಟ್ಟದ್ದು ಲೇಸು, ನೀರು ಬಿಡುವುದಿಲ್ಲ. ಅಗರನ್ನು ತಣ್ಣೀರಿಗೆ ಉದುರಿಸಿ ಐದು ನಿಮಿಷ ಬಿಡಿ; ಬಿಸಿನೀರಿಗೆ ಹಾಕಿದರೆ ಗಂಟು ಕಟ್ಟುತ್ತದೆ. ಆಮೇಲೆ ಕುದಿ ಬರಿಸಿ, ಕುದಿ ಬಂದ ಮೇಲೂ ಎರಡು ಮೂರು ನಿಮಿಷ ತಿರುವುತ್ತಾ ಇರಿ. ಅಗರ್ ಕರಗುವುದು ಸುಮಾರು 85 ಡಿಗ್ರಿ ಸೆಲ್ಸಿಯಸ್‌ನಲ್ಲಿ, ಬರೀ ಬಿಸಿ ಸಾಲದು. ಚಮಚದ ಹಿಂಬದಿಯಲ್ಲಿ ಹರಳು ಕಾಣಬಾರದು.

ಹೆಚ್ಚಿನವರು ಎಡವುವುದು ಇದರ ನಂತರ. ಅಗರ್ 40 ಡಿಗ್ರಿಯ ಆಸುಪಾಸಿನಲ್ಲಿ ಹೆಪ್ಪುಗಟ್ಟುತ್ತದೆ. ಫ್ರಿಜ್‌ನಿಂದ ತೆಗೆದ ಕುಂಬಳಕ್ಕೆ ಸುರಿದರೆ ಅಲ್ಲಲ್ಲೇ ಹೆಪ್ಪಾಗಿ ಎಳೆ ಎಳೆಯಾಗಿಬಿಡುತ್ತದೆ. ಹಾಗಾಗಿ ಕುಂಬಳ, ತೆಂಗಿನಹಾಲು, ಸಕ್ಕರೆ, ಮಸಾಲೆಯನ್ನು ಬೇರೆ ಪಾತ್ರೆಯಲ್ಲಿ 60 ಡಿಗ್ರಿಗೆ ಕಾಯಿಸಿಟ್ಟು, ಅದಕ್ಕೆ ಅಗರ್ ಸುರಿಯಬೇಕು. ತಕ್ಷಣ ಬಟ್ಟಲಿಗೆ ಹಾಕಿದರೂ ಕಷ್ಟ: ಕೊಬ್ಬು ಮೇಲೆ ತೇಲಿ, ಕುಂಬಳ ತಳ ಸೇರಿ ಎರಡು ಪದರ ಕಾಣುತ್ತದೆ. 50 ಡಿಗ್ರಿಗೆ ಇಳಿಯುವವರೆಗೆ ಮೆಲ್ಲಗೆ ತಿರುವಿ, ಆಮೇಲೆ ಹಾಕಿ. ಅನುಮಾನವಿದ್ದರೆ ಒಂದು ಚಮಚ ತಣ್ಣನೆ ತಟ್ಟೆಗೆ ಹಾಕಿ ನೋಡಿ. ತೀರಾ ಗಟ್ಟಿಯಾದರೆ ಇನ್ನಷ್ಟು ತೆಂಗಿನಹಾಲು ಬೆರೆಸಿ ಮತ್ತೆ ಕಾಯಿಸಬಹುದು.

ದೂರು ಒಂದಿದೆ. ಜೆಲಟಿನ್ ಬಾಯಿಯ ಬಿಸಿಗೇ ಕರಗುತ್ತದೆ, ಅಗರ್ ಕರಗುವುದಿಲ್ಲ, ತುಂಡಾಗಿ ಒಡೆಯುತ್ತದೆ. ಅದೇ ರೇಷ್ಮೆಯಂಥ ನುಣುಪು ಬೇಕೆಂದರೆ ಪೂರ್ತಿ ಹೆಪ್ಪಾದ ಮೇಲೆ ಮಿಕ್ಸಿಯಲ್ಲಿ ಒಮ್ಮೆ ತಿರುಗಿಸಿ. ಕಸ್ಟರ್ಡ್‌ನಷ್ಟು ಮೃದುವಾಗುತ್ತದೆ, ಅಚ್ಚಿನ ಆಕಾರ ಮಾತ್ರ ಹೋಗುತ್ತದೆ. ನಮ್ಮ ಮತ ಇದಕ್ಕೇ.

ತೆಂಗಿನಹಾಲಿನ ಪುಡಿ ಬಳಸುವವರು ಒಂದು ನಿಮಿಷ ನಿಲ್ಲಿ. ಹಲವು ಪುಡಿಗಳಲ್ಲಿ ಸೋಡಿಯಂ ಕೇಸಿನೇಟ್ ಇರುತ್ತದೆ, ಅದು ಹಾಲಿನದೇ ಪ್ರೋಟೀನ್. ಹಾಲಿನ ಅಲರ್ಜಿ ಇದ್ದವರಿಗೆ ಅಪಾಯ. ಮೇಲೆ ಉದುರಿಸಲು ಬಾದಾಮಿ ಬದಲು ಹುರಿದ ಕುಂಬಳಬೀಜ ಸಾಕು. ಓಟ್ಸ್ ಹಾಕುವುದಾದರೆ ಗ್ಲುಟೆನ್ (ಗೋಧಿಯಂಥ ಧಾನ್ಯದ ಪ್ರೋಟೀನ್) ರಹಿತ ಎಂದು ಪೊಟ್ಟಣದಲ್ಲಿ ಇರಲೇಬೇಕು.

ಸಕ್ಕರೆ ಬಿಟ್ಟು ಎರಿಥ್ರಿಟಾಲ್ ಹಾಕುವವರು 100 ಗ್ರಾಂ ಹಾಕಿ, ಅದರ ಸಿಹಿ ಸಕ್ಕರೆಗಿಂತ ಕಡಿಮೆ. ಆದರೆ ಅದರಲ್ಲಿ ಪಾಕ ಮಾಡಿ ಮೇಲೆ ಸುರಿಯಬೇಡಿ, ಆರುತ್ತಲೇ ಹರಳುಗಟ್ಟಿ ಹಲ್ಲಿಗೆ ಮರಳಿನಂತೆ ಸಿಗುತ್ತದೆ. ಮುಚ್ಚಿಟ್ಟರೆ ಫ್ರಿಜ್‌ನಲ್ಲಿ ಎರಡು ದಿನ. ಫ್ರೀಜರ್‌ಗೆ ಹಾಕಿದರೆ ಕರಗಿದಾಗ ಸ್ಪಂಜಾಗಿ ನೀರು ಬಿಡುತ್ತದೆ.