ಸೆಂಟ್ರಲ್‌ನಿಂದ ವೆಸ್ಟರ್ನ್‌ಗೆ: ದಾದರ್, ಪರೇಲ್, ಕುರ್ಲಾ, ಘಾಟ್ಕೋಪರ್‌ಗಳಲ್ಲಿ ಎಲ್ಲಿ ಇಳಿಯಬೇಕು?

ಲೋಕಲ್ ರೈಲಿನ ಸೆಂಟ್ರಲ್ ಲೈನಿನಲ್ಲಿ ಠಾಣೆ, ಡೊಂಬಿವ್ಲಿ, ಕಲ್ಯಾಣ್ ಕಡೆಯಿಂದ ಹೊರಟು ವೆಸ್ಟರ್ನ್ ಲೈನಿನ ಯಾವುದೋ ಆಫೀಸು ಸೇರಬೇಕಾದವರಿಗೆ ಮುಂಬಯಿಯಲ್ಲಿ ಸಿಗುವ ಸಲಹೆ ಒಂದೇ: ದಾದರ್‌ನಲ್ಲಿ ಬದಲಿಸಿ. ಮಧ್ಯಾಹ್ನ ಹನ್ನೆರಡಕ್ಕೆ ಅದು ಸರಿಯಾದ ಸಲಹೆ. ಬೆಳಿಗ್ಗೆ ಎಂಟೂವರೆಯಿಂದ ಹತ್ತೂವರೆಯ ತನಕ ಮಾತ್ರ ಹೊತ್ತು ಹಾಳಾಗುವುದು ರೈಲಿನಲ್ಲಲ್ಲ, ಪಾದಚಾರಿ ಸೇತುವೆಯ ಮೆಟ್ಟಿಲಲ್ಲಿ.

ದಾದರ್‌ನಲ್ಲಿ 2023ರ ಡಿಸೆಂಬರ್‌ನಿಂದ ಪ್ಲಾಟ್‌ಫಾರ್ಮುಗಳಿಗೆ ಒಂದೇ ಸರಣಿಯ ಸಂಖ್ಯೆ: ವೆಸ್ಟರ್ನ್‌ಗೆ 1ರಿಂದ 7, ಸೆಂಟ್ರಲ್‌ಗೆ 8ರಿಂದ 14. ಹಳೆಯ ಲೆಕ್ಕದಲ್ಲಿ ‘ಸೆಂಟ್ರಲ್‌ನ ಒಂದನೇ ನಂಬರ್’ ಎಂದು ಯಾರಾದರೂ ದಾರಿ ಹೇಳಿದರೆ ಅದು ಈಗಿನ 8. ವೆಸ್ಟರ್ನ್ ಸ್ಲೋ (ಎಲ್ಲ ನಿಲ್ದಾಣದಲ್ಲೂ ನಿಲ್ಲುವ) ಗಾಡಿಗಳು ಪಶ್ಚಿಮದ ತುದಿಯಲ್ಲಿ, ಹೂವಿನ ಮಾರುಕಟ್ಟೆಯ ಮಗ್ಗುಲಲ್ಲಿ. ಸೆಂಟ್ರಲ್ ಫಾಸ್ಟ್ (ಕೆಲವೇ ಕಡೆ ನಿಲ್ಲುವವು) ಪೂರ್ವಕ್ಕೆ. ಹೀಗಾಗಿ ಸೆಂಟ್ರಲ್ ಸ್ಲೋದಿಂದ ವೆಸ್ಟರ್ನ್ ಫಾಸ್ಟ್‌ಗೆ ಹೋಗುವವನ ನಡಿಗೆ ಚಿಕ್ಕದು. ಸೆಂಟ್ರಲ್ ಫಾಸ್ಟ್‌ನಿಂದ ಇಳಿದು ಮಾಟುಂಗಾ ರೋಡ್‌ಗೋ ಖಾರ್‌ಗೋ ವೆಸ್ಟರ್ನ್ ಸ್ಲೋ ಹಿಡಿಯಬೇಕಾದವನು ಸೇತುವೆಯ ಉದ್ದಕ್ಕೂ ನಡೆಯಬೇಕು, ಅದೂ ಎದುರಿನಿಂದ ಬರುವ ಜನವನ್ನು ಸೀಳಿಕೊಂಡು. ಯಾವ ಡಬ್ಬಿ ಸೇತುವೆಯ ಮೆಟ್ಟಿಲ ಎದುರಿಗೆ ನಿಲ್ಲುತ್ತದೆಂದು ನೋಡಿಟ್ಟುಕೊಂಡು ಹತ್ತುವಾಗಲೇ ಅದಕ್ಕೆ ಹತ್ತಿ. 12 ಡಬ್ಬಿಗೂ 15 ಡಬ್ಬಿಗೂ ಆ ಲೆಕ್ಕ ಬೇರೆಯಾಗುತ್ತದೆ.

ಪರೇಲ್ ಬಗ್ಗೆ ಜನರಿಗೆ ಇನ್ನೂ ಹಳೆಯ ಭಯವಿದೆ. ಪಕ್ಕದಲ್ಲೇ ಇರುವ, ವೆಸ್ಟರ್ನ್ ಲೈನಿನ ಎಲ್ಫಿನ್‌ಸ್ಟನ್ ರೋಡ್ ನಿಲ್ದಾಣದ ಕಿರಿದಾದ ಸೇತುವೆಯಲ್ಲಿ 2017ರ ಸೆಪ್ಟೆಂಬರ್ 29ರಂದು ನಡೆದ ಕಾಲ್ತುಳಿತವನ್ನು ಮರೆಯುವುದು ಸುಲಭವಲ್ಲ. ಆಮೇಲೆ ಸೇನೆಯೇ ಬಂದು ಹೊಸ ಸೇತುವೆ ಕಟ್ಟಿತು, 2018ರಲ್ಲಿ ನಿಲ್ದಾಣದ ಹೆಸರು ಪ್ರಭಾದೇವಿ ಆಯಿತು, 2019ರ ಮಾರ್ಚ್‌ನಲ್ಲಿ ಪರೇಲ್ ಟರ್ಮಿನಸ್ ತೆರೆಯಿತು. ಎರಡೂ ಕಡೆ ನಿಲ್ಲುವುದು ಸ್ಲೋ ಗಾಡಿಗಳು ಮಾತ್ರ. ಆದ್ದರಿಂದ ಬೆಳಿಗ್ಗೆ ಕಲ್ಯಾಣ್‌ನಿಂದ ಇಲ್ಲಿಯವರೆಗೆ ಸ್ಲೋದಲ್ಲಿ ಬರುವುದು ದಂಡ. ಇದರ ನಿಜವಾದ ಬೆಲೆ ಸಂಜೆಗೆ. ಆಗ ಸಿಎಸ್‌ಎಂಟಿಯಿಂದ (ದಕ್ಷಿಣ ತುದಿಯ ಛತ್ರಪತಿ ಶಿವಾಜಿ ಮಹಾರಾಜ್ ಟರ್ಮಿನಸ್) ಬರುವ ಗಾಡಿಗಳು ದಾದರ್ ತಲುಪುವಾಗಲೇ ತುಂಬಿರುತ್ತವೆ, ಪರೇಲ್‌ನಿಂದಲೇ ಹೊರಡುವ ಲೋಕಲ್ ಖಾಲಿಯಾಗಿ ನಿಲ್ಲುತ್ತದೆ. ಪ್ರಭಾದೇವಿಯಲ್ಲಿ ಇಳಿದು ಸೇತುವೆ ದಾಟಿ ಇದನ್ನು ಹಿಡಿದರೆ ಸ್ಲೋ ಆದರೂ ಕೂತು ಹೋಗಬಹುದು. ಡೊಂಬಿವ್ಲಿಯವರಿಗೆ ಇದಕ್ಕಿಂತ ಸುಖ ಬೇರೆ ಇಲ್ಲ. ಗಾಡಿಗಳು ಕಡಿಮೆ, ವೇಳಾಪಟ್ಟಿ ನೋಡಿಯೇ ಹೊರಡಿ. ಕೆಲಸ ಲೋವರ್ ಪರೇಲ್‌ನಲ್ಲಿದ್ದರೆ ವೆಸ್ಟರ್ನ್ ಹಿಡಿಯುವ ಗೊಡವೆಯೇ ಬೇಡ, ಸೆಂಟ್ರಲ್‌ನ ಕರೀ ರೋಡ್‌ನಲ್ಲಿ ಇಳಿದು ನಡೆದುಬಿಡಿ.

ಕುರ್ಲಾ ದಾರಿ ಬಾಂದ್ರಾ, ಮಾಹಿಮ್‌ಗೆ ಹೋಗುವವರದು. 7 ಮತ್ತು 8ನೇ ಪ್ಲಾಟ್‌ಫಾರ್ಮಿನಲ್ಲಿ ಹಾರ್ಬರ್ ಲೈನಿನ (ಲೋಕಲ್‌ನ ಇನ್ನೊಂದು ಮಾರ್ಗ) ಗಾಡಿ ಹಿಡಿದು ಚುನಾಭಟ್ಟಿ, ಜಿಟಿಬಿ ನಗರ ದಾಟಿ ವಡಾಲಾ ರೋಡ್. ಅಲ್ಲಿ ಮಾರ್ಗ ಕವಲೊಡೆಯುತ್ತದೆ. ಪನ್ವೇಲ್ ಕಡೆಯಿಂದ ನೇರವಾಗಿ ಗೋರೆಗಾಂವ್‌ಗೆ ಹೋಗುವ ಗಾಡಿ ಸಿಕ್ಕರೆ ಕೂತಲ್ಲೇ ಕಿಂಗ್ಸ್ ಸರ್ಕಲ್, ಮಾಹಿಮ್, ಬಾಂದ್ರಾ. ಸಿಎಸ್‌ಎಂಟಿ ಗಾಡಿ ಹತ್ತಿದ್ದರೆ ವಡಾಲಾದಲ್ಲಿ ಮತ್ತೆ ಇಳಿಯಬೇಕು, ಕಾಯಬೇಕು. ಇಂಡಿಕೇಟರ್ ನೋಡದೆ ಹತ್ತುವವರಿಗೆ ಈ ದಾರಿ ಲಾಭ ಕೊಡುವುದಿಲ್ಲ.

ಅಂಧೇರಿ ಮತ್ತು ಅದರಾಚೆಗೆ ಘಾಟ್ಕೋಪರ್ ಮೆಟ್ರೋ ಬಿಟ್ಟು ಬೇರೆ ಯೋಚನೆ ಬೇಡ. 2014ರ ಜೂನ್‌ನಲ್ಲಿ ಶುರುವಾದ 11.4 ಕಿಲೋಮೀಟರಿನ ಈ ಲೈನಿನಲ್ಲಿ 12 ನಿಲ್ದಾಣ, ಗಾಡಿಗೆ ನಾಲ್ಕೇ ಡಬ್ಬಿ. ಘಾಟ್ಕೋಪರ್ ಕೊನೆಯ ನಿಲ್ದಾಣವಾದ್ದರಿಂದ ಬೆಳಿಗ್ಗೆ ಖಾಲಿ ಗಾಡಿ ನಿಮ್ಮೆದುರಿಗೆ ಬರುತ್ತದೆ; ಒಂದು ಗಾಡಿ ಬಿಟ್ಟರೆ ಮುಂದಿನದರಲ್ಲಿ ಸೀಟಿನ ಆಸೆ ಇಟ್ಟುಕೊಳ್ಳಬಹುದು. ಕ್ಯೂ ಇರುವುದು ಮೆಟ್ಟಿಲು ಮತ್ತು ತಪಾಸಣೆಯ ಹತ್ತಿರ. ಸಂಜೆ ಲೆಕ್ಕ ತಿರುಗಿಬೀಳುತ್ತದೆ: ಅಂಧೇರಿಗೆ ಗಾಡಿ ಇನ್ನೊಂದು ತುದಿಯ ವರ್ಸೋವಾದಿಂದ ಜನ ತುಂಬಿಕೊಂಡು ಬರುತ್ತದೆ, ಘಾಟ್ಕೋಪರ್‌ನಲ್ಲಿ ಇಳಿದ ಮೇಲೆ ಕಲ್ಯಾಣ್ ಫಾಸ್ಟ್‌ಗೆ ಹತ್ತುವುದೇ ಒಂದು ಕುಸ್ತಿ. ಹೋಗುವಾಗ ಮೆಟ್ರೋ, ಬರುವಾಗ ಪ್ರಭಾದೇವಿ–ಪರೇಲ್ ಎಂದು ಎರಡು ದಾರಿ ಇಟ್ಟುಕೊಂಡವರು ಇದಕ್ಕೇ. ಸುತ್ತಾದರೂ ಸೊಂಟ ಉಳಿಯುತ್ತದೆ.

ಮಳೆಗಾಲದಲ್ಲಿ ಮೆಟ್ರೋದ ತೂಕ ಇನ್ನೂ ಹೆಚ್ಚು. ನೀರು ನಿಲ್ಲುವುದು ಕುರ್ಲಾ–ಸಯನ್ ನಡುವೆ, ಹಾರ್ಬರ್‌ನಲ್ಲಿ ಚುನಾಭಟ್ಟಿಯ ಆಸುಪಾಸು. ಠಾಣೆಯಿಂದ ಬರುವವರಿಗೆ ಘಾಟ್ಕೋಪರ್ ಇದಕ್ಕಿಂತ ಮೊದಲೇ ಸಿಗುತ್ತದೆ, ಅಲ್ಲಿಂದ ಮುಂದೆ ಹಳಿ ಕಂಬದ ಮೇಲೆ. ಕುರ್ಲಾ ಮತ್ತು ದಾದರ್ ದಾರಿಗಳೆರಡೂ ಅದೇ ನೀರಿಗೆ ಸಿಕ್ಕಿಕೊಳ್ಳುತ್ತವೆ.

ಟಿಕೆಟಿನಲ್ಲಿ ಎಡವುವವರು ಬಹಳ. ದಾದರ್ ಮೂಲಕ ಹೋಗಲು ಲೋಕಲ್‌ನ ಒಂದೇ ಟಿಕೆಟ್ ಸಾಕು, ಆದರೆ ಅದರ ಮೇಲೆ ‘ವಯಾ’ ಎಂದು ಇರುವ ದಾರಿಯನ್ನು ಓದಿಕೊಳ್ಳಿ. ಪಾಸಿಗೂ ಇದೇ ಮಾತು. ಮೆಟ್ರೋಗೆ ಪ್ರತ್ಯೇಕ ಟಿಕೆಟ್ ಕೊಳ್ಳಬೇಕು, ತಿಂಗಳ ಕೊನೆಗೆ ಜೇಬಿಗೆ ತಿಳಿಯುವುದು ಇದೇ. ಭಾನುವಾರ ಮಾಟುಂಗಾ–ಮುಲುಂಡ್ ಮೆಗಾಬ್ಲಾಕ್ (ದುರಸ್ತಿಗೆ ಹಳಿ ಮುಚ್ಚುವುದು) ಇದ್ದರೆ ಫಾಸ್ಟ್ ಗಾಡಿಗಳು ಸ್ಲೋ ಹಳಿಗೆ ಬರುವುದುಂಟು, ಆಗ ಮೇಲಿನ ನಡಿಗೆಯ ಲೆಕ್ಕವೂ ಬದಲಾಗುತ್ತದೆ.

ಮಾಟುಂಗಾದ ಮೈಸೂರು ಅಸೋಸಿಯೇಷನ್ ಕಾರ್ಯಕ್ರಮಕ್ಕೆ ವೆಸ್ಟರ್ನ್ ಕಡೆಯಿಂದ ಬರುವ ಕನ್ನಡಿಗರು ದಾದರ್‌ಗೆ ಹೋಗಿ ಒದ್ದಾಡಬೇಕಿಲ್ಲ. ಮಾಟುಂಗಾ ರೋಡ್‌ನಲ್ಲಿ ಇಳಿದು ಝೆಡ್ ಬ್ರಿಜ್ ಎಂಬ ಪಾದಚಾರಿ ಸೇತುವೆ ದಾಟಿದರೆ ಸೆಂಟ್ರಲ್‌ನ ಮಾಟುಂಗಾ ನಿಲ್ದಾಣದ ಬದಿಗೇ ಬರುತ್ತೀರಿ.