ಕುಮಟೆಗೆ ಬಂದ ಜಾವಾದ ಘಟೋತ್ಕಚ

ಅಕ್ಕನ ಮಗ ಸರಕು ಹಡಗಿನಲ್ಲಿ ಕೆಲಸ ಮಾಡುತ್ತಾನೆ. 'ಮಾವ, ಸುರಬಾಯಾ ಬಂದರಿಗೆ ಹೋಗೋದಿದೆ, ಏನು ತರಲಿ?' ಅಂತ ಫೋನ್ ಮಾಡಿದ. ವಾಯಾಂಗ್ ಕುಲಿತ್, ಅಂದರೆ ಇಂಡೋನೇಷ್ಯಾದ ಜಾವಾ ದ್ವೀಪದ ನೆರಳಾಟದ ಚರ್ಮದ ಬೊಂಬೆ ತಾ, ಅದರಲ್ಲೂ ಘಟೋತ್ಕಚನೇ ಬೇಕು ಅಂದೆ. ರಟ್ಟಿನದು ಬೇಡ, ಎಮ್ಮೆ ಚರ್ಮದ್ದೇ ಇರಲಿ ಅಂತಲೂ ಹೇಳಿದ್ದೆ. ನಮ್ಮ ದುಡ್ಡಲ್ಲಿ 5,000 ರೂಪಾಯಿ ಹತ್ತಿರ ಬಿತ್ತು. ಒಂದು ಮಳೆಗಾಲ ಕಳೆದ ಮೇಲೆ ಇದನ್ನು ಬರೆಯುತ್ತಿದ್ದೇನೆ. ಕರಾವಳಿಯಲ್ಲಿ ಚರ್ಮದ ಸಾಮಾನಿಗೆ ಮಳೆಗಾಲವೇ ನಿಜವಾದ ಪರೀಕ್ಷೆ, ಅಲ್ವಾ?

ಕೆಲಸ ಮಾತ್ರ ಸೊಗಸು. ಚರ್ಮವನ್ನು ಹೆರೆದು, ಒಣಗಿಸಿ, ಸಣ್ಣ ಸಣ್ಣ ಉಳಿಗಳಿಂದ ತೂತು ಹೊಡೆದಿದ್ದಾರೆ. ತೋಳುಬಂದಿ, ಬೆನ್ನಿನ ರೆಕ್ಕೆಯಂಥ ಆಭರಣ, ಪಂಚೆಯ ನೆರಿಗೆ ಎಲ್ಲವೂ ತೂತಿನಲ್ಲೇ ಮೂಡಿವೆ. ಜಡೆ ಸೀಗಡಿಯ ಕೊಂಡಿಯ ಹಾಗೆ ಮೇಲಕ್ಕೆ ಬಾಗಿದೆ. ಪಾದದಿಂದ ತಲೆವರೆಗೆ ಕೊಂಬಿನ ಕಡ್ಡಿಯೊಂದು ಬೊಂಬೆಯನ್ನು ಎರಡೂ ಕಡೆಯಿಂದ ಅಪ್ಪಿ ಹಿಡಿದಿದೆ. ಕೈಗಳು ಭುಜದಲ್ಲೂ ಮೊಣಕೈಯಲ್ಲೂ ಮಡಚುತ್ತವೆ, ಪ್ರತಿ ಅಂಗೈಗೂ ಬೇರೆ ಕಡ್ಡಿ. ಒಂದು ಕೈಯ ಕಡ್ಡಿ ಬರುವಾಗಲೇ ಸಡಿಲ ಇತ್ತು, ದಾರ ಬಿಗಿದು ಸರಿ ಮಾಡಿಕೊಂಡೆ. ಮಾರಿದವರು ಹಿಂಬದಿಯ ಬಣ್ಣದಲ್ಲಿ ಅವಸರ ಮಾಡಿದ್ದಾರೆ. ಚಿನ್ನದ ಬಣ್ಣ ಅಂಚು ದಾಟಿ ಹರಿದಿದೆ. ಒಳ್ಳೆ ಬೊಂಬೆಗೆ ಎರಡೂ ಮುಖ ಒಂದೇ ಥರ ಇರಬೇಕು. ಜಾವಾದಲ್ಲಿ ಜನ ಪರದೆಯ ಎರಡೂ ಬದಿ ಕೂತು ನೋಡುತ್ತಾರೆ.

ನಮ್ಮ ತೊಗಲು ಗೊಂಬೆ ಬೇರೆ ಥರ. ಅದರ ಚರ್ಮದಲ್ಲಿ ಬೆಳಕು ಹಾಯುತ್ತದೆ, ನೆರಳಿಗೂ ಬಣ್ಣ ಬರುತ್ತದೆ. ಇದು ದಪ್ಪ. ನೆರಳು ಕಪ್ಪಗೆ ಬಿದ್ದು, ತೂತಿನಲ್ಲಿ ಮಾತ್ರ ಬೆಳಕು ಇಣುಕುತ್ತದೆ. ಹಾಗಾಗಿ ಗೋಡೆಗೆ ತೂಗುಹಾಕಿದರೆ ಅರ್ಧ ದುಡ್ಡು ದಂಡ. ಜಗುಲಿಯಲ್ಲಿ ಬಿಳಿ ಪಂಚೆ ಕಟ್ಟಿ, ಹಿಂದೆ ದೀಪ ಇಟ್ಟು ನೋಡಿ. ಎಲ್‌ಇಡಿ ಬಲ್ಬಿಗೆ ನೆರಳು ಗಟ್ಟಿಯಾಗಿ ನಿಂತುಬಿಡುತ್ತದೆ. ಚಿಮಣಿ ದೀಪಕ್ಕೆ ಘಟೋತ್ಕಚ ಉಸಿರಾಡುತ್ತಾನೆ. ದೀಪದ ಹತ್ತಿರ ತಂದರೆ ಪಂಚೆ ತುಂಬ ಬೆಳೆಯುತ್ತಾನೆ, ಪರದೆಗೆ ಒತ್ತಿದರೆ ಕಿರೀಟದ ಒಂದೊಂದು ತೂತೂ ಎಣಿಸಬಹುದು. ಕಡ್ಡಿಯ ಕೆಳತುದಿ ಚೂಪಾಗಿದೆ. ಜಾವಾದಲ್ಲಿ ಅದನ್ನು ಬಾಳೆ ದಿಂಡಿಗೆ ಚುಚ್ಚಿ ನಿಲ್ಲಿಸುತ್ತಾರೆ. ನಮ್ಮ ಹಿತ್ತಲಲ್ಲಿ ದಿಂಡಿಗೇನು ಬರ?

ಆಡಿಸುವುದು ಮಾತ್ರ ಸುಲಭ ಅಲ್ಲ. ಜೊತೆಗೆ ಒಂದು ಚೀಟಿಯೂ ಇರಲಿಲ್ಲ. ಯೂಟ್ಯೂಬಿನಲ್ಲಿ ಕಿ ಸೆನೋ ನುಗ್ರೊಹೊ ಅವರ ಆಟಗಳನ್ನು ನೋಡಿ ಕಲಿತೆ. 2020ರಲ್ಲಿ ತೀರಿಕೊಂಡ ಯೋಗ್ಯಕರ್ತಾದ ದಾಲಾಂಗ್ ಅವರು. ದಾಲಾಂಗ್ ಅಂದರೆ ಆಡಿಸುವವನಷ್ಟೇ ಅಲ್ಲ. ಭಾಗವತ, ಅಷ್ಟೂ ಪಾತ್ರಗಳ ಅರ್ಥಧಾರಿ, ಹಾಸ್ಯಗಾರ ಎಲ್ಲ ಅವನೊಬ್ಬನೇ. ಎರಡೂ ಕೈಯಲ್ಲಿ ಬೊಂಬೆ ಇದ್ದರೆ ಕಾಲಲ್ಲಿ ಲೋಹದ ತಗಡು ಬಡಿದು ಗಮೆಲಾನ್ ಅನ್ನುವ ಜಾವಾದ ವಾದ್ಯಮೇಳದವರಿಗೆ ಸೂಚನೆ ಕೊಡುತ್ತಾನೆ. ರಾತ್ರಿ ಶುರುವಾದ ಆಟ ಬೆಳಗಿನ ಜಾವಕ್ಕೆ ಮುಗಿಯುತ್ತದೆ. ನಡುರಾತ್ರಿ ಸೆಮಾರ್, ಗಾರೆಂಗ್, ಪೆತ್ರುಕ್, ಬಾಗೊಂಗ್ ಅನ್ನುವ ಹಾಸ್ಯದ ಪಾತ್ರಗಳು ಬಂದು ಗಾಯಕಿಯರನ್ನು ಕೆಣಕುತ್ತಾರೆ. ಭಾಷೆ ಗೊತ್ತಿಲ್ಲದಿದ್ದರೂ ನಗು ಬರುತ್ತದೆ. ಬಡಗುತಿಟ್ಟಿನ ಯಕ್ಷಗಾನ ನೋಡಿ ಬೆಳೆದವರಿಗೆ ರಾತ್ರಿಯ ಯಾವ ಹೊತ್ತಿಗೆ ಏನು ಬರಬೇಕು ಅನ್ನುವುದು ಮೈಗೇ ಗೊತ್ತಿರುತ್ತದೆ.

ಆದರೆ ಈ ಘಟೋತ್ಕಚ ನಮ್ಮವನಲ್ಲ! ನಮ್ಮ ರಂಗಸ್ಥಳದಲ್ಲಿ ಅವನು ಅಬ್ಬರದ ರಾಕ್ಷಸ. ಅಭಿಮನ್ಯುವಿನ ಮದುವೆ ಮಾಡಿಸಲು ಮಾಯೆ ಹೂಡುವವನು. ಜಾವಾದಲ್ಲಿ ಅವನು ತಂತಿಯ ನರ, ಕಬ್ಬಿಣದ ಮೂಳೆಯ, ಆಕಾಶದಲ್ಲಿ ಹಾರುವ ವೀರ. ಇಂಡೋನೇಷ್ಯಾ ತಾನೇ ತಯಾರಿಸಿದ, 1995ರಲ್ಲಿ ಮೊದಲ ಸಲ ಹಾರಿದ ಎನ್-250 ವಿಮಾನಕ್ಕೆ ಇಟ್ಟ ಹೆಸರೂ ಇವನದೇ. 2022ರಲ್ಲಿ ಇವನ ಮೇಲೆ ಸೂಪರ್‌ಹೀರೊ ಸಿನಿಮಾ ಬಂತು. ಮೊಬೈಲ್ ಲೆಜೆಂಡ್ಸ್ ಗೇಮಿನಲ್ಲೂ ಇದ್ದಾನೆ. ಆ ಗೇಮು 2020ರಲ್ಲಿ ನಮ್ಮಲ್ಲಿ ಬ್ಯಾನ್ ಆಯಿತು, ಆದರೂ ಪಕ್ಕದ ಮನೆ ಹುಡುಗ ಬೊಂಬೆ ನೋಡಿದ ಕೂಡಲೇ ಗುರುತು ಹಿಡಿದ. ಇನ್ನೊಂದು ವಿಷಯ: ಜಾವಾದ ಕಥೆಯಲ್ಲಿ ಘಟೋತ್ಕಚ ಅರ್ಜುನನ ಮಗಳು ಪರ್ಗಿವಾಳನ್ನು ಮದುವೆಯಾಗುತ್ತಾನೆ. ಅಮ್ಮನಿಗೆ ಹೇಳಿದೆ. 'ಅಯ್ಯೋ, ಚಿಕ್ಕಪ್ಪನ ಮಗಳು ತಂಗಿಯಾಗೋದಿಲ್ವನೋ!' ಅಂತ ಬೊಂಬೆಯನ್ನೇ ಗದರಿಸಿದಳು.

ಈಗ ಮಳೆಗಾಲದ ಮಾತು. ಜುಲೈನಲ್ಲಿ ಚರ್ಮ ಥಂಡಿ ಕುಡಿದು ಬೆರಳು, ಜಡೆಯಂಥ ತೆಳು ಜಾಗ ಸುರುಳಿಕೊಂಡವು. ಹಿಂಬದಿಯಲ್ಲಿ ಬೂಷ್ಟು ಬಂತು. ಒದ್ದೆ ಬಟ್ಟೆ ಮುಟ್ಟಿಸಬೇಡಿ, ಬಣ್ಣ ಏಳಬಹುದು. ಒಣ ಬಟ್ಟೆಯಿಂದ ಮೆಲ್ಲಗೆ ಒರೆಸಿ, ಹಳೇ ಕಾಟನ್ ಸೀರೆಯ ನಡುವೆ ಮಲಗಿಸಿ, ಮೇಲೆ ಮಣೆ ಇಟ್ಟೆ. ಜಾವಾದವರೂ ಬೊಂಬೆಗಳನ್ನು ಮರದ ಪೆಟ್ಟಿಗೆಯಲ್ಲಿ ಒಂದರ ಮೇಲೊಂದು ಮಲಗಿಸಿಯೇ ಇಡುತ್ತಾರೆ. ಸುರುಳಿ ಬಹುಪಾಲು ನೆಟ್ಟಗಾಯಿತು. ಕಿರುಬೆರಳೊಂದು ಇನ್ನೂ ಸೊಟ್ಟಗೇ ಇದೆ.

ಶೋಕೇಸಿಗೆ ಮಾತ್ರ ಬೇಕಿದ್ದರೆ ಇಷ್ಟು ದುಡ್ಡು ಸುಮ್ನೆ ಹಾಕಬೇಡಿ, ರಟ್ಟಿನದು ಸಾಕು. ಆಡಿಸುವ ಆಸೆ ಇದ್ದರೆ ಎಮ್ಮೆ ಚರ್ಮದ್ದನ್ನೇ ಕೊಳ್ಳಿ. ಕೊಳ್ಳುವ ಮೊದಲು ಬೆಳಕಿಗೆ ಹಿಡಿದು ತೂತು ನೋಡಿ, ತಿರುಗಿಸಿ ಹಿಂಬದಿ ನೋಡಿ, ಕೈಯ ಕಡ್ಡಿಗಳನ್ನು ಒಮ್ಮೆ ಎಳೆದು ನೋಡಿ. ಅಕ್ಕನ ಮಗನಿಗೆ ಮುಂದಿನ ಸಲ ಸೆಮಾರ್ ತರಲು ಹೇಳಿದ್ದೇನೆ. ಒಬ್ಬನೇ ಘಟೋತ್ಕಚ ಎಷ್ಟು ಹೊತ್ತು ಮಾತಾಡಿಯಾನು?